ಇರುಪೆಯ ಎಡಗಿವಿ

ಇರುಪೆಗೆ ಸುಳ್ಳು ಹೇಳಲು ಬರುವುದಿಲ್ಲ. ಹೇಳುವುದೇನೋ ಬೇಕಾದಷ್ಟು ಹೇಳುತ್ತಾಳೆ, ಅದರಲ್ಲಿ ಜಿಪುಣತನವಿಲ್ಲ. ಆದರೆ ಸುಳ್ಳು ಬಾಯಿಂದ ಹೊರಡುವ ಮೊದಲೇ ಅವಳ ಎಡಗೈ ಮೇಲೆ ಹೋಗಿ, ಎಡಗಿವಿಯ ಹಾಲೆಯನ್ನು ಎರಡು ಬೆರಳಲ್ಲಿ ಹಿಡಿದು, ಕೆಳಕ್ಕೆ ಎಳೆದು ಒಂದು ತಿರುವು ಕೊಡುತ್ತದೆ. ಬೆರಿಸ್ಸೊ ಊರಿಗೆಲ್ಲ ಇದು ಗೊತ್ತು. ನಮ್ಮ ಕ್ಲಬ್ಬಿನ ಎದುರಿಗೇ ಅವಳದು ನಾಯಿಗಳಿಗೆ ಕ್ಷೌರ ಮಾಡುವ ಅಂಗಡಿ. "ನಿಮ್ಮ ನಾಯಿ ಎಷ್ಟು ಸಾಧು ಅಂತೀರಿ! ಕತ್ತರಿ ತೋರಿಸಿದ್ರೆ ನಿದ್ದೇನೇ ಮಾಡಿಬಿಡ್ತು" ಎಂದು ಕಿವಿ ಎಳೆದುಕೊಂಡಳೋ, ನಾಯಿಯ ಒಡತಿ ಮರುಮಾತಿಲ್ಲದೆ ಔಷಧಿ ಅಂಗಡಿಗೆ ಹೋಗಿ ಬ್ಯಾಂಡೇಜು ತಂದುಕೊಡುತ್ತಾಳೆ.

"ಕಿವಿ ಎಳ್ಕೋಬೇಡ್ವೇ, ಮಾನ ಹೋಗುತ್ತೆ" ಎಂದು ನಾನು ಸಾವಿರ ಸಲ ಹೇಳಿದ್ದೇನೆ.

"ನಾನೆಲ್ಲಿ ಎಳ್ಕೊಂಡೆ?" ಎನ್ನುತ್ತಾಳೆ, ಎಳೆದುಕೊಳ್ಳುತ್ತಲೇ. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡ ಜಾತಿ.

ನಾನು ಬೇಬಾ. ಕ್ಲಬ್ಬಿನ ಅಡುಗೆಮನೆ ನನ್ನದು. ಅಧ್ಯಕ್ಷ ಹಿಲಾರಿಯೊ ಅದು ತನ್ನದು ಎಂದುಕೊಂಡಿದ್ದಾನೆ, ಅಂದುಕೊಳ್ಳಲಿ, ಪಾಪ. ಸೈನ್ಯದ ಆಳ್ವಿಕೆ ಮುಗಿದ ಮರುವರ್ಷ ಉತ್ತರದ ಕಡೆಯಿಂದ ಗಂಡನ ಹಿಂದೆ ಬಂದವಳು ನಾನು. ಗಂಡ ಹೋದ, ಒಲೆ ಉಳಿಯಿತು. ಆಗ ಇರುಪೆಗೆ ಹತ್ತು ವರ್ಷ, ಅವಳ ತಮ್ಮ ನಾವೆಲ್‌ಗೆ ಎಂಟು. ನಾನು ಮಾಂಸದ ಕಡುಬು ಕರಿಯುವ ಹೊತ್ತಿಗೆ ಸರಿಯಾಗಿ ಇಬ್ಬರೂ ಕಿಟಕಿಯಲ್ಲಿ ಮೂಗು ಇಟ್ಟುಕೊಂಡು ನಿಂತಿರುತ್ತಿದ್ದರು.

"ಊಟ ಆಯ್ತಾ ಮಕ್ಳಾ?"

"ಆಯ್ತು, ಹೊಟ್ಟೆ ತುಂಬಿದೆ" ಎನ್ನುತ್ತಿದ್ದಳು ಹುಡುಗಿ. ಕೈ ಕಿವಿಯಲ್ಲಿ. ನಾನು ಎರಡು ಕಡುಬು ಕೊಡುತ್ತಿದ್ದೆ. ಹಾಗೆ ಶುರುವಾಯಿತು ನಮ್ಮ ಸ್ನೇಹ.

ಅಪ್ಪ ಒರೆಸ್ತೆ ಹಡಗು ಕಟ್ಟುವ ಕಾರ್ಖಾನೆಯಲ್ಲಿ ಬೆಸುಗೆ ಹಾಕುವವನು. ಅಮ್ಮ ಮಾಬೆಲ್ ಅಲ್ಲೇ ಕಚೇರಿಯಲ್ಲಿ ಟೈಪಿಸ್ಟು. ಎಪ್ಪತ್ತೇಳರಲ್ಲಿ ನಂಬರ್ ಪ್ಲೇಟ್ ಇಲ್ಲದ ಒಂದು ಕಾರು ಬಂದು ಇಬ್ಬರನ್ನೂ ಕೂರಿಸಿಕೊಂಡು ಹೋಯಿತು. ಅಷ್ಟೇ. ಇವತ್ತಿನವರೆಗೂ ಅಷ್ಟೇ. ಸತ್ತರು ಎನ್ನಲು ಹೆಣವಿಲ್ಲ, ಇದ್ದಾರೆ ಎನ್ನಲು ಸುದ್ದಿಯಿಲ್ಲ, ಕಾಣೆಯಾದವರು. ಮಕ್ಕಳು ಆ ದಿನ ಅಪ್ಪನ ತಾಯಿ ಸುಲೆಮಾ ಅಜ್ಜಿಯ ಮನೆಯಲ್ಲಿದ್ದರು, ಉಳಿದುಕೊಂಡರು.

ಸುಲೆಮಾ ಅಜ್ಜಿ ತಲೆಗೆ ಬಿಳಿ ವಸ್ತ್ರ ಕಟ್ಟಿಕೊಂಡು ಗುರುವಾರ ಗುರುವಾರ ರಾಜಧಾನಿಯ ಚೌಕಕ್ಕೆ ಹೋಗಿ ಮಗನನ್ನು ಕೇಳುತ್ತಿದ್ದಳು. ಊರಲ್ಲಿ ಮಾತ್ರ ಬಾಯಿ ಬಿಡುವಂತಿರಲಿಲ್ಲ. ಯಾರಾದರೂ ಕೇಳಿದರೆ "ಅಪ್ಪ ಅಮ್ಮ ದಕ್ಷಿಣಕ್ಕೆ ಕೆಲಸಕ್ಕೆ ಹೋಗಿದ್ದಾರೆ" ಎನ್ನಬೇಕೆಂದು ಮಕ್ಕಳಿಗೆ ಕಲಿಸಿದ್ದಳು. ತಮ್ಮನಿಗೆ ಅಷ್ಟು ಸಾಕಿತ್ತು. ಇರುಪೆಗೆ ಸಾಲಲಿಲ್ಲ. ಶಾಲೆಯಲ್ಲಿ ಟೀಚರ್ ಕೇಳಿದಾಗ ಎದ್ದು ನಿಂತು, "ದಕ್ಷಿಣದಲ್ಲಿ ಪೆಂಗ್ವಿನ್‌ಗಳಿಗೆ ಕ್ಷೌರ ಮಾಡ್ತಾರೆ ಮಿಸ್" ಎಂದಳಂತೆ.

"ಇಬ್ಬರೂನಾ?"

"ಅಪ್ಪ ಕತ್ತರಿಸ್ತಾನೆ, ಅಮ್ಮ ಬಾಚ್ತಾಳೆ. ತುಂಬಾ ಪೆಂಗ್ವಿನ್ ಇದಾವೆ ಮಿಸ್, ಅದಕ್ಕೇ ರಜಾ ಸಿಕ್ಕಿಲ್ಲ."

ಟೀಚರ್ ಆ ಕಿವಿಯನ್ನೇ ಸ್ವಲ್ಪ ಹೊತ್ತು ನೋಡಿದರಂತೆ. ಆಮೇಲೆ ಜೇಬಿನಿಂದ ಪೆಪ್ಪರಮೆಂಟು ತೆಗೆದು ಕೊಟ್ಟು, ಆ ವರ್ಷವಿಡೀ ಮತ್ತೆ ಕೇಳಲಿಲ್ಲ. ನಾವೆಲ್ ಮಾತ್ರ ಅಕ್ಕನ ಸುಳ್ಳನ್ನು ಹಾಗೇ ನುಂಗಿಬಿಟ್ಟ. ಸೈನ್ಯ ಹೋಗಿ, ಅಜ್ಜಿ ಇಬ್ಬರನ್ನೂ ಕೂರಿಸಿಕೊಂಡು ನಿಜ ಹೇಳಿದ ದಿನ ಅವನಿಗೆ ಸಿಟ್ಟು ಬಂದದ್ದು ಸೈನ್ಯದ ಮೇಲಲ್ಲ, ಪೆಂಗ್ವಿನ್‌ಗಳ ಮೇಲೆ. ಈಗಲೂ ಟೀವಿಯಲ್ಲಿ ಪೆಂಗ್ವಿನ್ ಕಂಡರೆ ಚಾನೆಲ್ ತಿರುಗಿಸುತ್ತಾನೆ, ವಯಸ್ಸು ಐವತ್ತರ ಹತ್ತಿರ ಬಂತು.

ನಿಜ ಹೇಳಿದ ಮೇಲೆ ಇನ್ನೊಂದು ಗ್ರಹಚಾರ ಶುರುವಾಯಿತು. ಅಪ್ಪ ಅಮ್ಮ ಇಬ್ಬರೂ ದೇವರಾಗಿಬಿಟ್ಟರು. ನಾವೆಲ್ ಚೆಂಡು ಒದ್ದು ಗಾಜು ಒಡೆದರೆ ಅಜ್ಜಿ, "ನಿಮ್ಮಪ್ಪ ಜನ್ಮದಲ್ಲಿ ಒಂದು ಗಾಜು ಒಡೆದೋನಲ್ಲ" ಎನ್ನುವಳು. ಇರುಪೆ ಸೂಪು ಬೇಡವೆಂದರೆ, "ನಿಮ್ಮಮ್ಮ ತಟ್ಟೆ ನೆಕ್ಕಿ ಇಡ್ತಿದ್ಲು."

"ಅಪ್ಪ ಮೂಗಲ್ಲಿ ಬೆರಳು ಹಾಕ್ತಿರ್ಲಿಲ್ವಾ ಅಜ್ಜಿ?"

"ಛೀ! ಒಂದಿನಾನೂ ಇಲ್ಲ."

"ಹೂಸು?"

"ಬಾಯಿ ಮುಚ್ಚೇ, ದರಿದ್ರದೋಳೇ!"

ಆ ಸಂಜೆ ಅಕ್ಕ ತಮ್ಮ ನನ್ನ ಅಡುಗೆಮನೆಯಲ್ಲಿ ಆಲೂಗಡ್ಡೆ ಮೂಟೆಯ ಮೇಲೆ ಕುಳಿತು ಗಂಭೀರವಾಗಿ ಚರ್ಚೆ ಮಾಡಿದರು. ಒಂದು ದಿನವೂ ಹೂಸು ಬಿಡದ ಮನುಷ್ಯ ಹೊಟ್ಟೆ ಉಬ್ಬಿ ಹಾರಿಹೋಗಿರಬೇಕು, ಅದಕ್ಕೇ ಸಿಕ್ಕಿಲ್ಲ ಎಂಬುದು ನಾವೆಲ್‌ನ ವಾದ. ನಾನು ನಕ್ಕು ನಕ್ಕು ಈರುಳ್ಳಿ ಸೀದುಹೋಯಿತು. ಅತ್ತದ್ದೂ ಹೌದು. ಈರುಳ್ಳಿಯಿಂದ ಎಂದು ಮಕ್ಕಳಿಗೆ ಹೇಳಿದೆ.

ಅಜ್ಜಿ ತೀರಿಕೊಂಡಳು. ಮಕ್ಕಳು ದೊಡ್ಡವರಾದರು. ಪ್ರತಿ ಮಾರ್ಚಿನಲ್ಲಿ, ಸೈನ್ಯ ಗದ್ದುಗೆ ಏರಿದ ದಿನ, ನಮ್ಮ ಕ್ಲಬ್ಬಿನಲ್ಲಿ ಒರೆಸ್ತೆ ಮತ್ತು ಮಾಬೆಲ್ ಫೋಟೋ ಇಟ್ಟು ಸಭೆ ಮಾಡುತ್ತಾರೆ. ಫೋಟೋದಲ್ಲಿ ಒರೆಸ್ತೆ ಹಲ್ಲುನೋವು ಬಂದವನ ಹಾಗೆ ತುಟಿ ಬಿಗಿದಿದ್ದಾನೆ. ಇರುವುದು ಅದೊಂದೇ ಫೋಟೋ. ಹಿಲಾರಿಯೊ ಎದ್ದು, "ಅವರು ಬೆಟ್ಟದಂಥ ಮನುಷ್ಯರು, ದೀಪದಂಥವರು, ಕಳಂಕವಿಲ್ಲದವರು" ಎಂದು ಪ್ರತಿವರ್ಷ ಅದನ್ನೇ ಓದುತ್ತಾನೆ. ಒಳ್ಳೆಯ ಮನಸ್ಸಿನಿಂದಲೇ ಓದುತ್ತಾನೆ, ಇಲ್ಲವೆನ್ನುವುದಿಲ್ಲ. ಇರುಪೆ ಮೊದಲ ಸಾಲಿನಲ್ಲಿ ಕುಳಿತು ಉಗುರು ಕಚ್ಚುತ್ತಾಳೆ.

ಹೋದ ಮಾರ್ಚಿನಲ್ಲಿ ಸಭೆ ಮುಗಿದ ಮೇಲೆ ಒಳಗೆ ಬಂದು ಮಾಟೆ ಕಷಾಯ ಹೀರುತ್ತಾ ಹೇಳಿದಳು:

"ಬೇಬಾ, ನಮ್ಮಪ್ಪನ್ನ ಹಿಡ್ಕೊಂಡು ಹೋದಾಗ ಅವನಿಗೆ ಇಪ್ಪತ್ತಾರು. ನನಗೀಗ ಐವತ್ತು ದಾಟ್ತು. ನನ್ನ ಮಗನ ವಯಸ್ಸಿನ ಹುಡುಗ ಅವನು. ಇಪ್ಪತ್ತಾರರ ಹುಡುಗ ಒಂದೂ ತಪ್ಪು ಮಾಡಿಲ್ಲ ಅಂದ್ರೆ ನೀನು ನಂಬ್ತೀಯಾ?"

"ನನ್ನ ಗಂಡ ಇಪ್ಪತ್ತಾರರಲ್ಲಿ ಬೇರೆ ಏನೂ ಮಾಡ್ತಿರ್ಲಿಲ್ಲ" ಎಂದೆ.

"ನಂಗೆ ಒಂದೇ ಒಂದು ಕೆಟ್ಟ ಬುದ್ಧಿ ಸಾಕು ಕಣೆ. ಜಿಪುಣ ಅನ್ನು, ಕುಡುಕ ಅನ್ನು, ಕಾಲು ವಾಸನೆ ಅನ್ನು. ಅಷ್ಟು ಸಿಕ್ರೆ ಅದನ್ನ ಹಿಡ್ಕೊಂಡು ಮಿಕ್ಕ ಮನುಷ್ಯನ್ನ ನಾನೇ ಎಳ್ಕೊಂಡು ಬರ್ತೀನಿ. ಬೆಟ್ಟ, ದೀಪ ಕಟ್ಕೊಂಡು ನಾನೇನು ಮಾಡ್ಲಿ? ಗೊತ್ತಿದ್ದ ಮುದುಕರೆಲ್ಲ ಒಬ್ಬೊಬ್ರಾಗಿ ಸಾಯ್ತಿದ್ದಾರೆ."

ಆಗ ಅವಳ ಕೈ ಕಿವಿಗೆ ಹೋಗಲಿಲ್ಲ. ಒರೆಸ್ತೆಯನ್ನು ನಾನು ಕಂಡವಳಲ್ಲ, ಅವಳ ಮಾಟೆಗೆ ಇನ್ನಷ್ಟು ಬಿಸಿನೀರು ಹೊಯ್ದೆ.

ಇನ್ನು ಹಂದಿಯ ವಿಷಯಕ್ಕೆ ಬರುತ್ತೇನೆ. ಕ್ಲಬ್ಬಿನಲ್ಲಿ ವರ್ಷಕ್ಕೊಮ್ಮೆ ಟ್ರೂಕೊ ಪಂದ್ಯ. ಇಸ್ಪೀಟಿನ ಆಟ, ಇಬ್ಬಿಬ್ಬರ ಜೋಡಿ, ಬಹುಮಾನ ಒಂದು ಎಳೆಯ ಹಂದಿ. ಆಟದ ಬಂಡವಾಳವೇ ಸುಳ್ಳು. ಕೈಯಲ್ಲಿ ಕಸವಿದ್ದರೂ ಮೇಜು ಗುದ್ದಿ ಪಣ ಏರಿಸಬೇಕು, ಎದುರಿನವನು ಹೆದರಿ ಎಲೆ ಕೆಳಗಿಟ್ಟರೆ ನೀನು ಗೆದ್ದೆ. ಜೊತೆಗಾರನಿಗೆ ಮುಖದಲ್ಲೇ ಸನ್ನೆ: ಹುಬ್ಬು ಹಾರಿಸಿದರೆ ಕತ್ತಿ ಎಕ್ಕ, ಅದಕ್ಕಿಂತ ದೊಡ್ಡ ಎಲೆಯಿಲ್ಲ, ಕಣ್ಣು ಹೊಡೆದರೆ ದೊಣ್ಣೆ ಎಕ್ಕ, ಅದು ಎರಡನೆಯದು. ಇಂಥ ಆಟಕ್ಕೆ ಇರುಪೆ ಕೂರುವುದೆಂದರೆ ಈಜು ಬಾರದವಳನ್ನು ತುಂಬಿದ ಹೊಳೆಗೆ ಇಳಿಸಿದ ಹಾಗೆ. ಆದರೂ ಪ್ರತಿವರ್ಷ ತಮ್ಮನ ಜೊತೆ ಕೂರುತ್ತಾಳೆ, ಪ್ರತಿವರ್ಷ ಮೊದಲ ಸುತ್ತಿನಲ್ಲೇ ಎದ್ದು ಬರುತ್ತಾಳೆ.

ಈ ಸಲ ಪಕ್ಕದ ಎನ್ಸೆನಾದ ಊರಿನ ಕ್ಲಬ್ಬಿನ ಮಾಡು ಬಿರುಗಾಳಿಗೆ ಹಾರಿಹೋಗಿತ್ತು. ಹಾಗಾಗಿ ಅವರ ಆಟಗಾರರೂ ನಮ್ಮಲ್ಲಿಗೇ ಬಂದರು. ಭಾನುವಾರ ಮಧ್ಯಾಹ್ನ ನಾನು ಹಿಟ್ಟು ನಾದುತ್ತಿದ್ದೇನೆ, ಬಾಗಿಲಲ್ಲಿ ಗಲಾಟೆ. ಹೋಗಿ ನೋಡಿದರೆ ಕುರ್ಚಿಯ ಮೇಲೆ ಒಬ್ಬ ಮುದುಕ ಕುಳಿತಿದ್ದಾನೆ, ಕುರ್ಚಿಯನ್ನು ಇಬ್ಬರು ಎತ್ತಿ ಹಿಡಿದಿದ್ದಾರೆ, ಮುದುಕ ಎರಡೂ ಕಾಲು ಗಾಳಿಯಲ್ಲಿ ಚಾಚಿದ್ದಾನೆ. ತಲೆ ಬಾಗಿಲಿಗೆ ಬಡಿಯಿತು.

"ತಗ್ಸೋ, ತಗ್ಸೋ! ಕಾಲು ಮಾತ್ರ ನೆಲಕ್ಕೆ ತಾಗಿಸ್ಬೇಡ, ಕತ್ತೆ!" ಎಂದು ಮುಂದೆ ಹಿಡಿದಿದ್ದ ಅಳಿಯನಿಗೆ ಕೂಗುತ್ತಿದ್ದಾನೆ.

"ಏನು ಕಾಯಿಲೆ ಅಜ್ಜನಿಗೆ?" ಎಂದು ಕೇಳಿದೆ.

"ಕಾಯಿಲೆ ನಿಮ್ಮಜ್ಜನಿಗೆ! ನಾನು ಗುಂಡುಕಲ್ಲು ಇದ್ದ ಹಾಗಿದ್ದೀನಿ. ಈ ದರಿದ್ರ ಕ್ಲಬ್ಬಿಗೆ ಕಾಲಿಡಲ್ಲ ಅಂತ ಎಪ್ಪತ್ತೈದರಲ್ಲಿ ಆಣೆ ಮಾಡಿದ್ದೀನಿ. ಇಟ್ಟಿಲ್ಲ, ನೋಡ್ಕೊ!"

"ಹಾಗಾದ್ರೆ ಬಂದದ್ದು ಯಾಕೆ?"

"ಹಂದಿಗೆ!" ಎಂದ. ಅಷ್ಟಕ್ಕೆ ಯಾರೇನು ಹೇಳುವುದು. ಸೋಡಾ ಬಾಟಲಿಯ ಮರದ ಪೆಟ್ಟಿಗೆಯೊಂದನ್ನು ತಂದು ಕಾಲ ಕೆಳಗಿಟ್ಟೆವು. ಹೆಸರು ಕಾಸಿಮಿರೊ, ವಯಸ್ಸಿಗೆ ಮರ್ಯಾದೆ ಕೊಟ್ಟು ಎಲ್ಲರೂ ದೊನ್ ಕಾಸಿಮಿರೊ ಎನ್ನುತ್ತಾರೆ. ಆಣೆ ಯಾಕೆಂದು ಎಷ್ಟು ಕೇಳಿದರೂ ಬಾಯಿ ಬಿಡಲಿಲ್ಲ. ಹಿಲಾರಿಯೊ ಮಾತ್ರ ಅವನನ್ನು ಕಂಡದ್ದೇ ಬೆವರು ಒರೆಸಿಕೊಳ್ಳುತ್ತಾ ಉಗ್ರಾಣಕ್ಕೆ ನುಸುಳಿದ. ಏನೋ ಇದೆ ಎಂದು ನನಗೆ ಆಗಲೇ ಅನಿಸಿತು.

ಆ ದಿನ ಇರುಪೆಗೆ ಎಂಥ ಎಲೆ ಬಿತ್ತೆಂದರೆ, ಸುಳ್ಳು ಹೇಳುವ ಪ್ರಸಂಗವೇ ಬರಲಿಲ್ಲ. ಕುರುಡು ಕೋಳಿಗೂ ಒಂದು ದಿನ ಕಾಳು ಸಿಗುತ್ತದೆ. ಸುತ್ತು ಮೇಲೆ ಸುತ್ತು ಗೆದ್ದು ಕೊನೆಯ ಪಂದ್ಯಕ್ಕೆ ಬಂದುಬಿಟ್ಟಳು. ಎದುರಿಗೆ ದೊನ್ ಕಾಸಿಮಿರೊ ಮತ್ತು ಅವನ ಅಳಿಯ. ಹೆಸರು ಕೂಗಿದ್ದು "ನಾಯಿ ಇರುಪೆ ಜೋಡಿ" ಎಂದು, ಹಾಗಾಗಿ ಮುದುಕನಿಗೆ ಅವಳು ಯಾರ ಮಗಳೆಂದು ಗೊತ್ತಿಲ್ಲ. ದೃಷ್ಟಿ ಮಂಜು, ಎಲೆಗಳನ್ನು ಮೂಗಿಗೆ ಹಿಡಿದು ನೋಡಿಕೊಳ್ಳುವುದರಲ್ಲೇ ಮುಳುಗಿದ್ದ.

ಎರಡೂ ಕಡೆ ಇನ್ನೇನು ಒಂದು ಕೈ ಗೆದ್ದರೆ ಹಂದಿ. ಕೊನೆಯ ಕೈ. ಒಬ್ಬೊಬ್ಬರ ಹತ್ತಿರ ಒಂದೊಂದೇ ಎಲೆ ಉಳಿದಿದೆ. ನಾನು ಕಡುಬಿನ ತಟ್ಟೆ ಹಿಡಿದು ಇರುಪೆಯ ಹಿಂದೆ ನಿಂತಿದ್ದೆ. ಅವಳ ಕೈಯಲ್ಲಿದ್ದದ್ದು ಬಟ್ಟಲು ನಾಲ್ಕು. ಅದಕ್ಕಿಂತ ಕೀಳು ಎಲೆ ಆ ಕಟ್ಟಿನಲ್ಲೇ ಇಲ್ಲ. ನಾವೆಲ್‌ನದು ನೋಡಿದೆ, ಐದು. ಮುದುಕ ಅಳಿಯನಿಗೆ ಕಣ್ಣು ಹೊಡೆದದ್ದನ್ನೂ ಕಂಡೆ, ಅವನ ಹತ್ತಿರ ದೊಣ್ಣೆ ಎಕ್ಕ.

"ಟ್ರೂಕೊ" ಎಂದು ಪಣ ಕೂಗಿದಳು ನಮ್ಮ ಹುಚ್ಚಿ.

"ಏರಿಸ್ದೆ!" ಎಂದ ಮುದುಕ.

"ನಾನೂ ಏರಿಸ್ದೆ, ಕೊನೇವರೆಗೂ" ಎಂದಳು. ಎಡಗೈ ಮೇಲಕ್ಕೆ ಹೋಯಿತು. ಹಾಲೆ ಹಿಡಿದಳು. ಎಳೆದಳು. ತಿರುವಿದಳು. ನಾವೆಲ್ ಕಣ್ಣು ಮುಚ್ಚಿಕೊಂಡ. ಕ್ಲಬ್ಬಿಗೆ ಕ್ಲಬ್ಬೇ "ಅಯ್ಯೋ" ಎಂದಿತು.

"ಮಾವ, ಕಿವಿ!" ಎಂದು ಅಳಿಯ ಪಿಸುಗುಟ್ಟಿದ. "ಸುಳ್ಳು ಹೇಳ್ತಿದ್ದಾಳೆ, ಊರಿಗೆಲ್ಲ ಗೊತ್ತು. ಬಿಡ್ಬೇಡಿ!"

ಮುದುಕ ತಲೆಯೆತ್ತಿದ. ಕಣ್ಣು ಕಿರಿದು ಮಾಡಿ ಆ ಕಿವಿಯನ್ನು, ಆ ಬೆರಳುಗಳನ್ನು ನೋಡಿದ. ಮುಖದ ರಕ್ತವೆಲ್ಲ ಇಳಿದುಹೋಯಿತು.

"ಸುಮ್ನಿರೋ ಪೆದ್ದ" ಎಂದ ಮೆಲ್ಲಗೆ. "ಇದೇ ಕಿವಿ ನಂಬಿ ನಾನೊಂದು ಹಂದಿ ಕಳ್ಕೊಂಡಿದ್ದೀನಿ. ಎರಡನೇ ಸಲ ಬೀಳಲ್ಲ." ಎಲೆಯನ್ನು ಬೋರಲು ಹಾಕಿ ದೂಡಿಬಿಟ್ಟ. "ಹೋಗು, ನಿಂದೇ ಹಂದಿ. ಕತ್ತಿ ಎಕ್ಕ ತೋರ್ಸು."

ಇರುಪೆ ಬಟ್ಟಲು ನಾಲ್ಕನ್ನು ಮೇಜಿನ ಮೇಲಿಟ್ಟಳು.

ಆಮೇಲೆ ಎದ್ದ ಗದ್ದಲ ಹೇಳತೀರದು. ಅಳಿಯ ತಲೆ ತಲೆ ಚಚ್ಚಿಕೊಂಡ. ಮುದುಕ ಸೋಡಾ ಪೆಟ್ಟಿಗೆಯ ಮೇಲೇ ಎದ್ದು ನಿಂತ, ಅಷ್ಟು ಸಿಟ್ಟಿನಲ್ಲೂ ನೆಲಕ್ಕೆ ಕಾಲು ತಾಗಿಸಲಿಲ್ಲ.

"ಯಾರ ಮಗಳೇ ನೀನು?"

"ಒರೆಸ್ತೆ ಮಗಳು" ಎಂದಳು ಇರುಪೆ.

"ಅದಕ್ಕೇ! ಅದಕ್ಕೇ! ಕಳ್ಳನ ಮಗಳು ಕಳ್ಳಿ! ನಿಮ್ಮಪ್ಪ ಮಹಾ ಮೋಸಗಾರ, ಸುಳ್ಳ, ಹಂದಿ ಕಳ್ಳ!"

ಎಲ್ಲರೂ ತಲೆಯೆತ್ತಿ ನೋಡಿದರು. ಗೋಡೆಯ ಮೇಲೆ ಒರೆಸ್ತೆಯ ಫೋಟೋ. ಹಿಲಾರಿಯೊ ಉಗ್ರಾಣದಿಂದ ಓಡಿ ಬಂದ. "ದೊನ್ ಕಾಸಿಮಿರೊ, ದಮ್ಮಯ್ಯ, ಅಂಥವರ ಬಗ್ಗೆ ಹಾಗೆಲ್ಲ ಮಾತಾಡ್ಬಾರ್ದು…"

ಇರುಪೆ ಮೇಜು ಗುದ್ದಿದ ರಭಸಕ್ಕೆ ನನ್ನ ಕಡುಬು ಹಾರಿದವು. "ಯಾರೂ ತಡೀಬೇಡಿ! ಬೇಬಾ, ಅಜ್ಜನಿಗೆ ವೈನ್ ತಾ, ಒಳ್ಳೇದು ತಾ!" ಕುರ್ಚಿ ಎಳೆದುಕೊಂಡು ಪೆಟ್ಟಿಗೆಯ ಮುಂದೆ ಕುಳಿತಳು. "ಹೇಳಿ ದೊನ್ ಕಾಸಿಮಿರೊ. ಇನ್ನೂ ಏನೇನು ಕೆಟ್ಟದ್ದು ಮಾಡ್ದ?"

ಬೈಯಲು ಇಷ್ಟು ಮರ್ಯಾದೆ ಸಿಕ್ಕದ್ದು ಮುದುಕನಿಗೆ ಜನ್ಮದಲ್ಲಿ ಮೊದಲು. ಕುಳಿತ. ಹೇಳಿದ. ಎಪ್ಪತ್ತೈದರಲ್ಲಿ ಒರೆಸ್ತೆ ವರ್ಷಪೂರ್ತಿ ಆಟದಲ್ಲಿ ಸುಳ್ಳು ಹೇಳಿದಾಗಲೆಲ್ಲ ಬೇಕೆಂದೇ ಕಿವಿ ಎಳೆದುಕೊಂಡು ಸೋತನಂತೆ. ವೈನ್ ಸೋತ, ಕಡುಬು ಸೋತ, ಹೊಸ ಟೋಪಿ ಸೋತ. ಊರೆಲ್ಲ ಅವನ ಕಿವಿ ಓದಲು ಕಲಿತಿತು. ಹಂದಿ ಪಂದ್ಯದ ಕೊನೆಯ ಕೈಯಲ್ಲಿ ಕಿವಿ ಎಳೆದ. ಕಾಸಿಮಿರೊ ನಕ್ಕು ಪಣ ಏರಿಸಿದ. ಒರೆಸ್ತೆ ಕತ್ತಿ ಎಕ್ಕ ಇಟ್ಟ.

"ಕೈಗೆ ಬಂದ ತುತ್ತು ಬಾಯಿಗೆ ಬರ್ಲಿಲ್ಲ! ನನ್ನ ಎದುರಿಗೇ ಕೂತು ತಿಂದ, ಬೆರಳು ಚೀಪ್ದ. ಹಂದಿ ಕಿವಿ ಒಂದಾದ್ರೂ ಕೊಡೋ ಅಂದೆ. 'ಕಿವಿ ಮಾತ್ರ ಕೇಳ್ಬೇಡಪ್ಪ, ನಂಗೆ ಬೇಕು' ಅಂದ, ಬೋಳಿಮಗ!"

ಇರುಪೆ ನಗುತ್ತಿದ್ದಳು, ಕಣ್ಣೀರು ಕೆನ್ನೆ ಮೇಲೆ ಇಳಿಯುತ್ತಿತ್ತು, ಒರೆಸಿಕೊಳ್ಳಲೂ ಇಲ್ಲ.

"ಅಮ್ಮ?" ಎಂದ ನಾವೆಲ್. "ಅಮ್ಮ ಒಳ್ಳೆಯವಳು ಅಂತ…"

"ಅವಳಾ? ಅವಳು ಅವನಪ್ಪ! ನನ್ನ ಕುರ್ಚಿ ಹಿಂದೇನೇ ನಿಂತು ನನ್ನ ಎಲೆಗಳನ್ನೆಲ್ಲ ಗಂಡನಿಗೆ ಸನ್ನೇಲಿ ಹೇಳಿದ್ಲು. ಸೊಂಟದಲ್ಲೊಂದು ಕೂಸು, ಹೊಟ್ಟೇಲೊಂದು. ಬಸುರಿ ಹೆಂಗಸು ನಿಂತಿದ್ದಾಳೆ ಅಂತ ನಾನೇ ಪಾಪ ಎದ್ದು ಕುರ್ಚಿ ಕೊಡೋಕೆ ಹೋದೆ, 'ಪರವಾಗಿಲ್ಲ ಅಣ್ಣಾ, ಇಲ್ಲಿಂದ ಚೆನ್ನಾಗಿ ಕಾಣ್ಸುತ್ತೆ' ಅಂದ್ಲು." ಮುದುಕ ತಟ್ಟನೆ ಮಾತು ನಿಲ್ಲಿಸಿ ನಾವೆಲ್‌ನನ್ನು ದಿಟ್ಟಿಸಿದ. "ಆ ಹೊಟ್ಟೇಲಿದ್ದೋನು ನೀನೇನಾ? ಹಾಗಾದ್ರೆ ನೀನೂ ಶಾಮೀಲು! ಇಬ್ಬರ ಪಾಲು ತಿಂದ್ಲು ಅವಳು. ನನ್ನ ಹಂದಿ ನಿನ್ನ ಹೊಟ್ಟೆಗೂ ಹೋಗಿದೆ."

ನಾವೆಲ್‌ಗೆ ಅಪ್ಪ ಅಮ್ಮನ ನೆನಪು ಒಂದು ಸಾಸಿವೆ ಕಾಳಿನಷ್ಟೂ ಇಲ್ಲ. ಅಷ್ಟು ದೊಡ್ಡ ಗಂಡಸು ಅಕ್ಕನ ತೋಳು ಹಿಡಿದುಕೊಂಡು, "ಅಕ್ಕ, ನಾನೂ ತಿಂದೆನಂತೆ" ಎಂದ. "ಅವರ ಜೊತೆ ನಾನೂ ತಿಂದೆನಂತೆ." ಮತ್ತೆ ಮತ್ತೆ ಅದನ್ನೇ ಹೇಳಿದ. ನನಗೆ ತಡೆಯಲಾಗಲಿಲ್ಲ, ಒಲೆ ನೋಡುವ ನೆಪದಲ್ಲಿ ಒಳಗೆ ಹೋದೆ.

ಹಿಲಾರಿಯೊ ಅಲ್ಲಿಗೇ ಬಂದ. "ನಂಗೆ ಗೊತ್ತಿತ್ತು ಬೇಬಾ. ಆದರೆ ಅಂಥವರು ಹಂದಿಗೋಸ್ಕರ ಮೋಸ ಮಾಡಿದ್ರು ಅಂತ ಹೇಳೋದು ಹೇಗೆ?"

"ಹಂದಿಗೋಸ್ಕರ ಯಾರು ಮಾಡಲ್ಲ?" ಎಂದು ಗದರಿ, ಹಂದಿ ಸುಡಲು ಇದ್ದಿಲು ಹೊತ್ತಿಸೆಂದು ಕಳುಹಿಸಿದೆ.

ಹಂದಿ ಬೆಂದ ಮೇಲೆ ಇರುಪೆ ಗರಿಗರಿಯಾದ ಎರಡೂ ಕಿವಿಗಳನ್ನು ಕತ್ತರಿಸಿ ತಟ್ಟೆಯಲ್ಲಿಟ್ಟು ಮುದುಕನ ಮುಂದೆ ಹಿಡಿದಳು. "ತಗೊಳ್ಳಿ. ಇನ್ನಾದ್ರೂ ಕಾಲು ಕೆಳಗಿಡಿ, ಆಣೆ ಮುಗೀತು."

ಮುದುಕ ಒಂದು ಕಿವಿಯನ್ನು ಕರುಮ್ಮೆಂದು ತಿಂದ. ತಲೆಯಾಡಿಸಿದ.

"ಆಣೆ ಹಂದಿಗಲ್ಲ ಮಗು. ಅವತ್ತು ಅವನು ನನ್ನ ಭುಜ ತಟ್ಟಿ, 'ಬೇಜಾರು ಮಾಡ್ಕೋಬೇಡ, ಇನ್ನೊಂದು ಸಲ ಆಡೋಣ, ಮಾತು ಕೊಡ್ತೀನಿ' ಅಂದ. 'ಆ ಆಟ ಆಡೋವರೆಗೂ ನಿನ್ನ ಕ್ಲಬ್ಬಿಗೆ ಕಾಲಿಡಲ್ಲ' ಅಂದೆ ನಾನು. ಅವನು ಇನ್ನೂ ಬಂದಿಲ್ಲ."

ಇರುಪೆ ತಟ್ಟೆಯನ್ನು ಮೇಜಿನ ಮೇಲಿಟ್ಟಳು.

"ಅಪ್ಪನ ಬದ್ಲು ನಾನು ಆಡ್ತೀನಿ" ಎಂದಳು.

"ನಿನ್ನ ಜೊತೇನೂ ಆಡ್ತೀನಿ, ಅದಕ್ಕೇನಂತೆ. ಅದು ಬೇರೆ ಲೆಕ್ಕ. ಅವನ ಆಟ ಅವನೇ ಬಂದು ಆಡ್ಬೇಕು. ಈಗ ಕಾಲಿಟ್ರೆ ಅವನು ಬರಲ್ಲ ಅಂತ ನಾನೇ ಒಪ್ಕೊಂಡ ಹಾಗೆ, ಇಡಲ್ಲ."

"ಇಡ್ಬೇಡಿ" ಎಂದಳು ಇರುಪೆ. ಇನ್ನೊಂದು ಕಿವಿಯನ್ನು ತಾನು ತಿಂದಳು.

ಈಗ ಭಾನುವಾರ ಭಾನುವಾರ ಮುದುಕ ಬರುತ್ತಾನೆ. ಪ್ರತಿ ಸಲವೂ ಒಂದು ಹೊಸ ಬೈಗುಳ ತರುತ್ತಾನೆ: ಒರೆಸ್ತೆ ಹಾಡಿದರೆ ನಾಯಿ ಬೊಗಳುತ್ತಿತ್ತು, ಮಾಬೆಲ್ ಸಾಲ ತಂದ ಸಕ್ಕರೆ ವಾಪಸು ಕೊಟ್ಟವಳಲ್ಲ. ಕೆಲವನ್ನು ಅವನೇ ಹುಟ್ಟಿಸುತ್ತಾನೆ ಎಂದು ನನಗೆ ಗುಮಾನಿ, ಆದರೆ ಅವನು ಕಿವಿ ಮುಟ್ಟುವುದಿಲ್ಲವಲ್ಲ, ತಿಳಿಯುವುದು ಹೇಗೆ. ಬಾಗಿಲ ಹತ್ತಿರ ಕಾರು ನಿಂತರೆ ಇರುಪೆ ನಾಯಿಯನ್ನು ಅರ್ಧ ಕ್ಷೌರದಲ್ಲೇ ಬಿಟ್ಟು ಓಡಿ ಬರುತ್ತಾಳೆ. ಕುರ್ಚಿಯ ಒಂದು ಕಡೆ ಅವಳು, ಇನ್ನೊಂದು ಕಡೆ ನಾವೆಲ್. ಮುದುಕ ಎರಡೂ ಕಾಲು ಚಾಚಿಕೊಂಡು ಹೊಸ್ತಿಲು ದಾಟುತ್ತಾನೆ.

"ಭಾರ ಆಗ್ತಿದ್ದೀನೇನೇ?" ಎಂದು ಕೇಳುತ್ತಾನೆ.

"ಇಲ್ಲಪ್ಪ, ಹೂವಿನ ಹಾಗಿದ್ದೀರಿ" ಎನ್ನುತ್ತಾಳೆ ಇರುಪೆ. ಕೈ ಎರಡೂ ಕುರ್ಚಿಯಲ್ಲಿ ಸಿಕ್ಕಿಕೊಂಡಿರುವುದರಿಂದ ಕಿವಿಯನ್ನು ಭುಜಕ್ಕೆ ಉಜ್ಜಿಕೊಳ್ಳುತ್ತಾಳೆ.